ಗೋಡೆಹೊತ್ತ ದಿಬ್ಬ

ತುಂಗಭದ್ರೆಯ ಎಡದಂಡೆಯಲ್ಲಿರುವ ನಮ್ಮ ತೊರೆಹಾಳಕ್ಕೆ ಬಂದವರು ಇಗರ್ಜಿಯನ್ನು ನೋಡಿದ ಮೇಲೆ ತಪ್ಪದೆ ದಿಬ್ಬ ಹತ್ತುತ್ತಾರೆ. ದಿಬ್ಬದ ಮೇಲಿರುವುದು ನಮ್ಮ ಕ್ರೈಸ್ತರ ಸಮಾಧಿಭೂಮಿ. ಅದರ ನಟ್ಟನಡುವೆ ಎದೆಯೆತ್ತರದ ಕಲ್ಲಿನ ಗೋಡೆಯೊಂದು ಮೇಲಿನಿಂದ ಹೊಳೆಯ ಅಂಚಿನವರೆಗೆ ಇಳಿದುಹೋಗಿದೆ. ಅರ್ಧ ದಾರಿಯಲ್ಲಿ ಆ ಗೋಡೆ ಕಮಾನಾಗಿ ಮೇಲೆದ್ದು, ಅಡ್ಡಲಾಗಿ ಮಲಗಿರುವ ಒಂದು ಗೋರಿಯನ್ನು ದಾಟಿ, ಮತ್ತೆ ಮೊದಲಿನಂತೆ ಮುಂದುವರಿಯುತ್ತದೆ. ಗೋರಿಯ ತಲೆ ಗೋಡೆಯ ಈ ಕಡೆಗೆ, ಕಾಲು ಆ ಕಡೆಗೆ. ಬಂದವರು ಕಮಾನಿನ ಕೆಳಗೆ ಬಗ್ಗಿ ನೋಡಿ, ಮಹಾತ್ಮರ ಗೋರಿಗೆ ಬಿಸಿಲು ತಾಗದಿರಲೆಂದು ಜನ ಎಷ್ಟು ಭಕ್ತಿಯಿಂದ ಕಟ್ಟಿದ್ದಾರೆ ಎಂದು ಮೆಚ್ಚಿಕೊಳ್ಳುತ್ತಾರೆ. ಕಂದಾಯದ ಕಾಗದಗಳಲ್ಲಿ ಈ ಜಾಗಕ್ಕೆ ಬೇರೆ ಹೆಸರಿದೆ. ಜನರ ಬಾಯಲ್ಲಿ ಇದು ಗೋಡೆಹೊತ್ತ ದಿಬ್ಬ. ನಾನು ಗೋರಿಯ ತಲೆಯಿರುವ ಕಡೆಯವನು, ಆ ಗೋಡೆ ಕಟ್ಟಿಸಿದವರ ಮರಿಮಗನ ಮಗ. ಆದ್ದರಿಂದ ಈ ಹೆಸರಿನ ಕಥೆಯನ್ನು ಹೇಳಲು ನನಗೆ ನಾಚಿಕೆಯೂ ಇದೆ, ಹಕ್ಕೂ ಇದೆ.

ಹಿಂದೆ ಒಮ್ಮೆ, ಹೊಳೆಯ ಆಚೆ ದಂಡೆ ಕಂಪನಿಯವರದು, ಈಚೆ ದಂಡೆ ನಿಜಾಮರದು ಎಂದಿದ್ದ ಕಾಲದಲ್ಲಿ, ಅಂಬರೋಜ ಸ್ವಾಮಿಗಳೆಂಬ ಬಿಷಪ್ಪರು ಹರಿಗೋಲಿನಲ್ಲಿ ಈ ಗಡಿಗೆ ಬಂದಿಳಿದರು. ಹುಟ್ಟಿದ ದೇಶದಲ್ಲಿ ಅವರ ಹೆಸರು ಆಂಬ್ರೋಸ್ ಎಂದಿತ್ತಂತೆ. ನಮ್ಮವರ ನಾಲಿಗೆ ಅದನ್ನು ತನಗೆ ಬೇಕಾದಂತೆ ಹದ ಮಾಡಿಕೊಂಡಿತು. ಬಿಷಪ್ಪರೆಂದರೆ ಕ್ರೈಸ್ತರ ಗುರುಗಳಿಗೆಲ್ಲ ಹಿರಿಯ ಗುರು. ಆದರೆ ಇವರ ಕೈಕೆಳಗೆ ಆಗ ಗುರುಗಳಿದ್ದದ್ದು ಇಬ್ಬರು, ಇಗರ್ಜಿಗಳಿದ್ದದ್ದು ಶೂನ್ಯ. ಅವರ ಸೀಮೆ ಮಾತ್ರ ಕುದುರೆಯ ಮೇಲೆ ಸುತ್ತಿದರೂ ಮೂರು ತಿಂಗಳು ಹಿಡಿಯುವಷ್ಟು ದೊಡ್ಡದು. ಹೊಳೆ ದಾಟುವಷ್ಟರಲ್ಲಿ ಅವರಿಗೆ ಚಳಿಜ್ವರ ಏರಿತ್ತು. ಅಂಬಿಗರು ಅವರನ್ನು ಮರಳಿನ ಮೇಲೆ ಇಳಿಸಿ ಹಿಂದಿರುಗಿದರು. ಊರಿಗೆ ಸುದ್ದಿ ಮುಟ್ಟಿತು, ಆದರೆ ದನ ತಿನ್ನುವ ಪರದೇಶಿಯನ್ನು ಯಾರು ಒಳಗೆ ಕರೆದಾರು? ಒಂದು ಬಾಗಿಲೂ ತೆರೆಯಲಿಲ್ಲ.

ಊರಾಚೆ, ತೊಗಲು ಹದ ಮಾಡುವವರ ಕೇರಿಯಿಂದ ದುರುಗವ್ವ ಎಂಬವಳು ಗಂಡನೊಡನೆ ಬಂದು, ಅವರನ್ನು ಹಸಿ ಚರ್ಮದ ಮೇಲೆ ಮಲಗಿಸಿ ತನ್ನ ಗುಡಿಸಲಿಗೆ ಹೊತ್ತೊಯ್ದಳು. ನವಣೆಯ ಗಂಜಿ ಕುಡಿಸಿ ನಲವತ್ತು ದಿನ ನೋಡಿಕೊಂಡಳು ಎನ್ನುತ್ತಾರೆ. ಸ್ವಾಮಿಗಳು ಕನ್ನಡ ಕಲಿತದ್ದು ಆ ಗುಡಿಸಲಿನಲ್ಲಿ, ಅವಳ ಬಾಯಿಂದ. ಹಾಗಾಗಿ ಕೊನೆಯವರೆಗೂ ಅವರು ಕೇರಿಯ ಕನ್ನಡವನ್ನೇ ಆಡಿದರು, ಅದರಲ್ಲೇ ದೇವರ ವಾಕ್ಯದ ಪ್ರಸಂಗ ಮಾಡಿದರು. ಮುಂದೆ ಕ್ರೈಸ್ತರಾದ ನಮ್ಮ ಹಿರಿಯರು ಮುಂದಿನ ಸಾಲಿನಲ್ಲಿ ಕೂತು ಅದನ್ನು ಕೇಳಿ ಮೀಸೆಯೊಳಗೆ ನಗುತ್ತಿದ್ದರಂತೆ. ಮೊದಲು ಜ್ಞಾನಸ್ನಾನ ಪಡೆದು ಕ್ರೈಸ್ತಳಾದವಳು ದುರುಗವ್ವ. ಕೊಟ್ಟ ಹೆಸರು ಕ್ಲಾರಾ, ಕೇರಿ ಕರೆದದ್ದು ಕಲಾರವ್ವ. ಏಳು ವರ್ಷ ಈ ಸೀಮೆಯ ಕ್ರೈಸ್ತರೆಂದರೆ ಕೇರಿಯವರು ಮಾತ್ರವೇ. ದಿಬ್ಬದ ಮೇಲೆ ಮೊದಲು ಮಣ್ಣಾದವನು ಕಲಾರವ್ವನ ಗಂಡ.

ಎಂಟನೆಯ ವರ್ಷ ನಮ್ಮ ಮುತ್ತಜ್ಜನ ತಂದೆ, ಊರ ಗೌಡರು, ಇದ್ದಕ್ಕಿದ್ದಂತೆ ಮೂವತ್ತೆರಡು ಮನೆಯವರನ್ನು ಕಟ್ಟಿಕೊಂಡು ಸ್ವಾಮಿಗಳ ಬಳಿಗೆ ಬಂದು, ಜ್ಞಾನಸ್ನಾನದಲ್ಲಿ ಹೆಸರು ಬದಲಿಸಿಕೊಂಡು ಚಿನ್ನಪ್ಪಗೌಡರಾದರು. ನಮ್ಮ ಮನೆಯಲ್ಲಿ ಇದನ್ನು ದೇವರು ಕನಸಿನಲ್ಲಿ ಕರೆದದ್ದೆಂದು ಹೇಳುತ್ತಾರೆ. ನಿಜ ಹೇಳಬೇಕೆಂದರೆ, ಗುಡಿಯಲ್ಲಿ ಮೊದಲ ವೀಳ್ಯ ಅಣ್ಣನಿಗೋ ತಮ್ಮನಿಗೋ ಎಂಬ ಜಗಳದಲ್ಲಿ ಸೋತು, ಆ ಗುಡಿಯ ಮೆಟ್ಟಿಲನ್ನೇ ತುಳಿಯೆನೆಂದು ಅವರು ಹೊರಬಿದ್ದಿದ್ದರು. ಸ್ವಾಮಿಗಳಿಗೆ ಅದೆಲ್ಲ ತಿಳಿಯದು. ಬರಡು ಎಮ್ಮೆ ಕರು ಹಾಕಿದಷ್ಟು ಹಿಗ್ಗಿ, ರೋಮಾಪುರಿಗೆ ಉದ್ದನೆಯ ಪತ್ರ ಬರೆದರು.

ಆರು ತಿಂಗಳಿಗೆ ಗೌಡರ ತಾಯಿ ತೀರಿಕೊಂಡರು. ಹೆಣ ದಿಬ್ಬದ ಬುಡದಲ್ಲಿ ನಿಂತಿತು. ತೊಗಲಿನವರ ಪಕ್ಕ ಹಡೆದವ್ವನನ್ನು ಮಲಗಿಸುವುದಿಲ್ಲ, ನಡುವೆ ಗೋಡೆ ಏಳಬೇಕು, ಇಲ್ಲವಾದರೆ ಮೂವತ್ತೆರಡು ಮನೆಯೂ ಬಂದ ದಾರಿಯಲ್ಲೇ ಹಿಂದಿರುಗುತ್ತವೆ ಎಂದರು ಗೌಡರು. ಸ್ವಾಮಿಗಳು ಬೇಡಿಕೊಂಡರು, ಬೈದರು, ಸಂಜೆಯವರೆಗೆ ಮೊಣಕಾಲೂರಿ ಪ್ರಾರ್ಥಿಸಿದರು. ಕೊನೆಗೆ ಸದ್ಯಕ್ಕೆ ಆಗಲಿ ಎಂದರು. ಆ ಮಾತು ಬಾಯಿಂದ ಬಿದ್ದದ್ದೇ ತಡ, ಕಲ್ಲುಗಳು ದಿಬ್ಬ ಹತ್ತತೊಡಗಿದವು.

ಅಲ್ಲಿಂದ ಅವರು ನೇರ ಕಲಾರವ್ವನ ಗುಡಿಸಲಿಗೆ ಹೋದರು. ಅವಳು ತೊಗಲಿಗೆ ಸುಣ್ಣ ಸವರುತ್ತಿದ್ದಳು. ತಲೆ ಎತ್ತಲಿಲ್ಲ.

"ಕಲಾರವ್ವಾ, ನಿನ್ನ ಮಣ್ಣಿಗಿಡೋ ದಿನ ಆ ಗ್ವಾಡಿ ಇರಂಗಿಲ್ಲ. ಇದು ನನ್ನ ಮಾತು."

"ಕಟ್ಟಾಕ ಒಂದು ವಾರ ಸಾಕ್ರಿ, ಸ್ವಾಮ್ಯಾರ. ಕೆಡವಾಕ ನಮ್ಮ ಮೊಮ್ಮಕ್ಕಳ ಕಾಲಾನೂ ಸಾಲಂಗಿಲ್ಲ," ಎಂದಳು ಅವಳು. ಆಮೇಲೆ, ಊಟ ಆಗಿದೆಯೇ ಎಂದು ಕೇಳಿ ಗಂಜಿ ಬಡಿಸಿದಳಂತೆ.

ಇಪ್ಪತ್ತೆರಡು ವರ್ಷ ಕಳೆದವು. ಸ್ವಾಮಿಗಳು ಗಡಿಯುದ್ದಕ್ಕೂ ಹನ್ನೊಂದು ಇಗರ್ಜಿ ಕಟ್ಟಿಸಿದರು, ಕಾಲರಾ ಬಂದಾಗ ಹೆಣಗಳನ್ನು ತಾವೇ ಹೊತ್ತರು, ಎರಡು ಸಲ ಸೆರೆ ಕಂಡರು. ಗೋಡೆ ಮಾತ್ರ ಕದಲಲಿಲ್ಲ. ಒಂದು ವರ್ಷ ಗೌಡರ ಮನೆಯಲ್ಲಿ ಮದುವೆ, ಇನ್ನೊಂದು ವರ್ಷ ಹೊಸ ಇಗರ್ಜಿಯ ಪ್ರತಿಷ್ಠೆ, ಮತ್ತೊಂದು ವರ್ಷ ಜನ ಈಗಷ್ಟೇ ಬರತೊಡಗಿದ್ದಾರೆ ಎಂಬ ಸಬೂಬು. ಮೂವತ್ತೆರಡು ಮನೆ ತೊಂಬತ್ತಾದವು; ಮನೆ ಹೆಚ್ಚಿದಷ್ಟೂ ಸ್ವಾಮಿಗಳು ಗೋಡೆಯ ಮಾತೆತ್ತುವುದು ಕಡಿಮೆಯಾಗುತ್ತ ಹೋಯಿತು. ಒಳ್ಳೆಯವರು ಹೀಗೇ ಸೋಲುತ್ತಾರೆ, ಇಷ್ಟಿಷ್ಟೇ.

ಕಲಾರವ್ವ ಹಾಸಿಗೆ ಹಿಡಿದಾಗ ಮಗಳು ಮೋನಿಕವ್ವನನ್ನು ಸ್ವಾಮಿಗಳ ಬಳಿಗೆ ಕಳಿಸಿ, ಗೋಡೆ ಬಿತ್ತೇ ಎಂದಷ್ಟೇ ಕೇಳಿಸಿದಳು. ಎಪ್ಪತ್ತು ದಾಟಿದ ಆ ಮುದುಕರು ಹಾರೆ ತೆಗೆದುಕೊಂಡು ದಿಬ್ಬ ಹತ್ತಿದರು. ನಮ್ಮವರು ಸುತ್ತ ನಿಂತು ನೋಡಿದರು. ತಡೆಯಲೂ ಇಲ್ಲ, ಕೈಜೋಡಿಸಲೂ ಇಲ್ಲ. ಸಂಜೆಯೊಳಗೆ ಮೂರು ಕಲ್ಲು ಕಿತ್ತು ಅವರು ಕುಸಿದು ಕೂತರು. ಬೆಳಗಾಗುವಷ್ಟರಲ್ಲಿ ಮೂರೂ ಕಲ್ಲು ತಂತಮ್ಮ ಜಾಗದಲ್ಲಿದ್ದವು. ಅದೇ ಬೆಳಗ್ಗೆ ಕಲಾರವ್ವ ಸತ್ತಳು. ಅವಳನ್ನು ಗೋಡೆಯ ಆಚೆಗೆ, ಗಂಡನ ಪಕ್ಕದಲ್ಲಿ ಹೂಳಿದರು. ಪ್ರಾರ್ಥನೆಯ ಪುಸ್ತಕವನ್ನು ಸ್ವಾಮಿಗಳು ನಡುವೆಯೇ ತಮ್ಮ ಸಹಾಯಕನಾದ ಉಪದೇಶಿಯ ಕೈಗಿತ್ತರು, ಅವನು ಓದಿ ಮುಗಿಸಿದ ಎನ್ನುತ್ತಾರೆ.

ಅಂದಿನಿಂದ ಅವರು ಗೌಡರ ಮನೆಯಲ್ಲಿ ನೀರು ಮುಟ್ಟಲಿಲ್ಲ. ಸಾಯುವ ಮೊದಲು ಒಂದು ಉಯಿಲು ಬರೆದರು: 'ಗೋಡೆಯನ್ನು ಒಡೆದು, ಅದೇ ಜಾಗದಲ್ಲಿ ನನ್ನನ್ನು ಅಡ್ಡಲಾಗಿ ಹೂಳತಕ್ಕದ್ದು.' ಬದುಕಿದ್ದಾಗ ಆಗದ ಕೆಲಸವನ್ನು ಹೆಣ ಮಾಡೀತು ಎಂಬ ಆಸೆ ಅವರದು. ತನ್ನ ಗುರುವಿನ ಎದೆಯ ಮೇಲೆ ಯಾರು ತಾನೇ ಗೋಡೆ ಕಟ್ಟಿಯಾರು? ಚಿನ್ನಪ್ಪಗೌಡರು ಶಿಲುಬೆ ಮುಟ್ಟಿ, ಬರೆದಂತೆಯೇ ನಡೆಸುತ್ತೇನೆಂದು ಆಣೆಯಿಟ್ಟರು. ಸ್ವಾಮಿಗಳು ನೆಮ್ಮದಿಯಿಂದ ಕಣ್ಣು ಮುಚ್ಚಿದರು. ಮೂವತ್ತು ವರ್ಷ ನಮ್ಮ ನಡುವೆ ಬಾಳಿಯೂ ನಮ್ಮನ್ನು ಅವರು ಅರಿತದ್ದು ಅಷ್ಟೇ.

ಗೌಡರು ಮಾತಿಗೆ ತಪ್ಪಲಿಲ್ಲ. ನಾಲ್ಕು ಮಾರು ಗೋಡೆ ಒಡೆಸಿದರು, ಗುಂಡಿ ತೆಗೆಸಿದರು. ತಲೆ ಯಾವ ಕಡೆಗೆ ಎಂಬ ಪ್ರಶ್ನೆ ಎದ್ದಾಗ ಊರು ಗದ್ದಲವೆಬ್ಬಿಸಿತು; ಹೆಣ ಬಿಸಿಲಿನಲ್ಲಿ ಕಾದಿತು. ಆಗ ಮೋನಿಕವ್ವ ಮುಂದೆ ಬಂದಳು. "ತಲಿ ನೀವ ಇಟಗೊಳ್ರಿ. ನಮ್ಮ ಕೇರಿಗೆ ದಿನಾ ಬಂದದ್ದು ಕಾಲು," ಎಂದಳು. ಹೆಣವನ್ನು ಹಾಗೆಯೇ ಇಳಿಸಿದರು. ಮಣ್ಣು ಮುಚ್ಚಿ ಹನ್ನೊಂದನೆಯ ದಿನಕ್ಕೆ ಕಲ್ಲುಕುಟಿಗರು ಬಂದರು. ಗೋರಿಗೆ ಒಂದು ಕಲ್ಲೂ ತಾಗದಂತೆ ಎರಡೂ ಬದಿಗೆ ಪಾಯ ಹಾಕಿ ಕಮಾನು ಎಬ್ಬಿಸಿ, ಗೋಡೆಯನ್ನು ಕೂಡಿಸಿದರು. ಉಪದೇಶಿ ಕಣ್ಣೀರಿಡುತ್ತ ಇದು ನ್ಯಾಯವೇ ಎಂದು ಕೇಳಿದಾಗ ಚಿನ್ನಪ್ಪಗೌಡರು ಶಾಂತವಾಗಿ ಉತ್ತರಿಸಿದರಂತೆ: "ಒಡದು ಹೂಳ್ರಿ ಅಂದ್ರು, ಒಡದು ಹೂಳೀವಿ. ಮತ್ತ ಕಟ್ಟಬ್ಯಾಡ್ರಿ ಅಂತ ಎಲ್ಲಿ ಬರದಾರ?"

ಸತ್ತ ಮೇಲೂ ನಮ್ಮ ಸ್ವಾಮಿ ಗೋಡೆ ಹೊತ್ತ ಎಂದು ಕೇರಿಯವರು ಆಡಿಕೊಂಡರು. ಬೈಗುಳವಾಗಿ ಹುಟ್ಟಿದ ಆ ಮಾತನ್ನೇ ಎರಡು ತಲೆಮಾರು ಕಳೆಯುವಷ್ಟರಲ್ಲಿ ಊರವರು ಬಿರುದು ಮಾಡಿಕೊಂಡರು. ಗೋಡೆ ಹೊತ್ತವರು ನಮ್ಮ ಭಾರವನ್ನೂ ಹೊರುತ್ತಾರೆಂದು ಈಗ ಬೆನ್ನುನೋವಿನವರು ಹರಕೆ ಹೊತ್ತು ಬರುತ್ತಾರೆ. ಗುಣವಾಗುತ್ತದೆ ಎನ್ನುತ್ತಾರೆ, ಆಗಲಿ.

ಒಂಬತ್ತು ವರ್ಷದ ಹಿಂದೆ ಹೊಸದಾಗಿ ಬಂದ ಗುರುಗಳೊಬ್ಬರು ಈ ಗೋಡೆಯನ್ನು ತೆಗೆಸೋಣವೆಂದು ಸಭೆ ಕರೆದರು. ನಮ್ಮ ಕಡೆಯವರು ಒಬ್ಬೊಬ್ಬರಾಗಿ ಎದ್ದು ಕೈಮುಗಿದು ಹೇಳಿದ್ದು ಒಂದೇ ಮಾತು: ಗೋಡೆಯ ಮೇಲೆ ನಮಗೇನೂ ಮಮತೆಯಿಲ್ಲ, ಆದರೆ ಅದನ್ನು ಕೆಡವಿದರೆ ಪುಣ್ಯಾತ್ಮರ ಗೋರಿಗೆ ಅಪಚಾರವಾಗುತ್ತದೆ. ಕೇರಿಯವರು ಎದ್ದು ಹೊರಗೆ ನಡೆದರು. ನಾನೂ ಆ ಸಭೆಯಲ್ಲಿದ್ದೆ. ಈ ಕಥೆಯೆಲ್ಲ ಗೊತ್ತಿದ್ದೂ ಬಾಯಿ ತೆರೆಯಲಿಲ್ಲ.

ಈಗಲೂ ನವೆಂಬರಿನಲ್ಲಿ ಸತ್ತವರ ಹಬ್ಬದ ದಿನ ಗುರುಗಳು ಕಮಾನಿನ ಬಳಿ ನಿಂತು ಎರಡೂ ಕಡೆಗೆ ತೀರ್ಥ ಚಿಮುಕಿಸುತ್ತಾರೆ. ನಾವು ಗೋರಿಯ ತಲೆಗೆ ಹೂವಿಡುತ್ತೇವೆ, ಅವರು ಕಾಲಿಗೆ ಇಡುತ್ತಾರೆ. ಹಬ್ಬಕ್ಕೆ ಮುಂಚೆ ಗೋಡೆಗೆ ಸುಣ್ಣ ಬಳಿಯುವುದು ವಾಡಿಕೆ. ಹೊಳೆಯ ಆಚೆ ದಂಡೆಯಿಂದ ನೋಡಿದರೂ ಬೆಳ್ಳಗೆ ಕಾಣುತ್ತದೆ.