ಗಾಯ ಮುಚ್ಚಿದ ಬಣ್ಣ

ಪೂಜ್ಯ ಇನ್ನಾಸಪ್ಪ ಸ್ವಾಮಿಗಳು ಹುಲಿಕೊಪ್ಪಲಿನ ಹೆಂಚಿನ ಕ್ರೈಸ್ತ ದೇವಾಲಯದಲ್ಲಿ ಪಾದ್ರಿಯಾಗಿ ಸೇವೆ ಸಲ್ಲಿಸುತ್ತಿದ್ದ ಕಾಲ. ಯೇಸುಸ್ವಾಮಿಯ ಪಾರ್ಥಿವ ಶರೀರವನ್ನು ಮಡಿಲಲ್ಲಿ ಮಲಗಿಸಿಕೊಂಡ ಮಾತೆ ಮರಿಯಮ್ಮನವರ ಮರದ ಪ್ರತಿಮೆಯೊಂದು ಅಲ್ಲಿತ್ತು. ಯುರೋಪಿನ ಗೋಥಿಕ್ ಶಿಲ್ಪಶೈಲಿಯ ಕೊನೆಯ ದಿನಗಳಲ್ಲಿ, ಐನೂರು ವರ್ಷಗಳ ಹಿಂದೆ, ಜರ್ಮನಿಯ ಶಿಲ್ಪಿಯೊಬ್ಬ ಕೆತ್ತಿದ್ದು. ಆ ನಾಡಿನಲ್ಲಿ ಮೂರ್ತಿ ಬೇಡವೆನ್ನುವ ಕ್ರೈಸ್ತರಿಂದ ಪ್ರತಿಮೆಗಳನ್ನು ಒಡೆಯುವ ಗಲಭೆ ಎದ್ದಾಗ ಹೆಂಗಸರು ಹುಲ್ಲಿನಲ್ಲಿ ಹುದುಗಿಸಿ ಉಳಿಸಿದರಂತೆ. ಬಹುಕಾಲದ ಮೇಲೆ ಪಾದ್ರಿಯೊಬ್ಬರು ಹಡಗಿನಲ್ಲಿ ನಮ್ಮ ಕಡೆಗೆ ತಂದರು.

ಅದನ್ನು ದುರಸ್ತಿ ಮಾಡಲು ಮೈಸೂರಿನಿಂದ ಸೇತುಮಾಧವರಾಯರು ಬಂದರು. ಹಳೆಯ ಪ್ರತಿಮೆಗಳ ಕೆಲಸದಲ್ಲಿ ನುರಿತವರು. ದೇವರಲ್ಲಿ ಅಷ್ಟಾಗಿ ನಂಬಿಕೆಯಿಲ್ಲ. ಪ್ರತಿಮೆ ನೋಡುತ್ತಲೇ ಅವರ ತಾಳ್ಮೆ ಕೆಟ್ಟಿತು. ಮೇಣದಬತ್ತಿಯ ಮಸಿ, ಕೊಬ್ಬರಿ ಎಣ್ಣೆಯ ಜಿಡ್ಡು, ಸಾಲದ್ದಕ್ಕೆ ಯೇಸುವಿನ ಮೈತುಂಬ ಕಿಟಕಿ ಬಾಗಿಲಿಗೆ ಬಳಿಯುವ ಪೇಂಟು. ಗಾಯ ಒಂದೂ ಕಾಣುತ್ತಿರಲಿಲ್ಲ.

ಸ್ವಾಮಿಗಳು ಜಗಲಿಯಲ್ಲಿ ಅವರೆಕಾಯಿ ಸುಲಿಯುತ್ತಿದ್ದರು. ರಾಯರು ಎದುರು ಹೋಗಿ ನಿಂತರು.

“ಅಷ್ಟು ವರ್ಷ ಉಳಿದದ್ದನ್ನು ನಿಮ್ಮವರು ಒಂದು ಡಬ್ಬಿ ಪೇಂಟಿನಲ್ಲಿ ಹಾಳು ಮಾಡಿದ್ದಾರಲ್ಲ ಸ್ವಾಮಿ. ಯಾರದು ಈ ಕೆಲಸ? ನೀವಾದರೂ ಬೇಡ ಅನ್ನಬಾರದಿತ್ತೆ?”

“ಸಹಾಯಮ್ಮ ಬಳಿದದ್ದು. ಅವಳ ಮಗ ಕಲ್ಲುಕ್ವಾರಿಯಲ್ಲಿ ಸತ್ತ. ಈ ಗಾಯ ನೋಡಲಾರೆ ಅಂದಳು, ನಾನು ಬೇಡ ಅನ್ನಲಿಲ್ಲ. ತೆಗೆಯಿರಿ ರಾಯರೇ. ಆದರೆ ಅವಳನ್ನು ಕೇಳಿ ತೆಗೆಯಿರಿ.”

“ಇದಕ್ಕೂ ಅಪ್ಪಣೆ ಬೇಕೆ?”

“ಬೇಕು,” ಎಂದರು ಸ್ವಾಮಿಗಳು.

ರಾಯರು ಗೊಣಗುತ್ತಲೇ ಹೋಗಿ ಸಹಾಯಮ್ಮನನ್ನು ಕರೆತಂದರು. ದಾರಿಯುದ್ದಕ್ಕೂ ಮರ, ತೇವ, ಮೂಲ ಬಣ್ಣ ಎಂದು ರೇಗುತ್ತಲೇ ವಿವರಿಸಿದರು. ಆಕೆ ಕೇಳಿಸಿಕೊಂಡಂತೆ ಕಾಣಲಿಲ್ಲ. ಪ್ರತಿಮೆಯೆದುರು ನಿಂತು ಹೇಳಿದರು:

“ನನ್ ಮಗನ ಮುಖಾನೂ ತೋರಿಸ್ದೆ ಮಣ್ಣು ಮಾಡ್ಬುಟ್ರು. ನೋಡಿದ್ರೆ ನೀನು ತಡ್ಕೊಳಲ್ಲ ಅಂದ್ರು. ಈಗ ನೀವು ಈ ಗಾಯ ತೋರಿಸ್ತೀನಿ ಅಂತೀರಲ್ಲ.”

ಅಷ್ಟರಲ್ಲಿ ಸ್ವಾಮಿಗಳು ಒಳಗೆ ಬಂದಿದ್ದರು.

“ಈ ತಾಯಿ ಇಷ್ಟು ಕಾಲ ಒಬ್ಬಳೇ ನೋಡುತ್ತಿದ್ದಾಳೆ ಸಹಾಯಮ್ಮ. ಇವತ್ತು ನೀನು ಅವಳ ಜೊತೆ ಕೂತುಕೋ.”

ಆಕೆ ಪ್ರತಿಮೆಯ ಪಕ್ಕದಲ್ಲಿ ನೆಲದ ಮೇಲೆ ಕುಳಿತು, “ತೆಗೀರಿ,” ಎಂದರು.

ರಾಯರು ಹತ್ತಿಯನ್ನು ಪೇಂಟು ಬಿಡಿಸುವ ಔಷಧದಲ್ಲಿ ಅದ್ದಿ ಮೆಲ್ಲಗೆ ಒರೆಸತೊಡಗಿದರು. ಅಂಗೈಯ ತೂತು ಕಂಡಿತು, ಮೊಣಕಾಲಿನ ತರಚುಗಾಯ ಕಂಡಿತು. ಪಕ್ಕೆಯ ಇರಿತದ ಕೆಂಪು ಇಣುಕುತ್ತಿದ್ದಂತೆ ಸಹಾಯಮ್ಮ ಕೈ ಚಾಚಿದರು. ಸ್ವಂತ ಶಿಷ್ಯರಿಗೂ ಪ್ರತಿಮೆ ಮುಟ್ಟಗೊಡದ ರಾಯರು ಹತ್ತಿಯನ್ನು ಆಕೆಯ ಕೈಗಿತ್ತರು. ಎಣ್ಣೆನೀರು ಹಾಕಿದ ಮಗುವಿನ ಮೈ ಒರೆಸುವಂತೆ ಆಕೆ ಒರೆಸಿದರು. ಒರೆಸುತ್ತ ಮಗನ ಹೆಸರು ಹಿಡಿದು ಅತ್ತರು.

ಸಂಜೆಯ ಪ್ರಾರ್ಥನೆಗೆ ಸ್ವಾಮಿಗಳು ಬಂದಾಗ ರಾಯರು ಔಷಧದ ಬಟ್ಟಲು ಹಿಡಿದು ಆಕೆಯ ಪಕ್ಕದಲ್ಲಿ ಮಂಡಿಯೂರಿದ್ದರು.

“ಇನ್ನೂ ಪಾದ ಉಳಿದಿದೆ ಸ್ವಾಮಿ,” ಎಂದರು ತಗ್ಗಿದ ದನಿಯಲ್ಲಿ. “ಅವರು ಮುಗಿಸಲಿ. ಅವಸರವಿಲ್ಲ.”