ಕುರಿಗಾಹಿ ಹಾಸಿದ ತರಗೆಲೆ

"ಗುರುಗಳೇ, ನಾನೇನು ಮರ ಕಡಿದೆನೇ? ತಾನಾಗಿ ಬಿದ್ದ ಎಲೆ. ನಾಳೆ ನಾವು ಎದ್ದು ಹೋದ ಮೇಲೆ ಕೊಳೆತು ಮಣ್ಣಾಗುತ್ತದೆ. ಇದನ್ನು ಹಾಸಿ ಮಲಗಿದರೆ ತಪ್ಪೇನು?"

ಗುರುಗಳು ತಂಗುವ ಜಾಗಕ್ಕೆಂದು ಶಿಷ್ಯ ಮಾದಯ್ಯ ಗುಡ್ಡದಿಂದ ಎರಡು ಹೊರೆ ತರಗೆಲೆ ಹೊತ್ತು ತಂದಿದ್ದ. ಅವರು ಬೇಡವೆಂದದ್ದಕ್ಕೆ ಅವನ ಮುಖ ಸಣ್ಣದಾಗಿತ್ತು. ಗುರುಗಳು ಅವನನ್ನು ಪಕ್ಕದಲ್ಲಿ ಕೂರಿಸಿಕೊಂಡು ಈ ಕತೆ ಹೇಳಿದರು.

ಒಬ್ಬ ಕುರಿಗಾಹಿ ಇದ್ದ. ಪ್ರತಿ ಮುಂಗಾರಿನಲ್ಲಿ ಹೆಂಡತಿಯೊಡನೆ ಒಂದು ಗುಡ್ಡದ ಬುಡದಲ್ಲಿ ಬೀಡು ಬಿಡುತ್ತಿದ್ದ. ಅವನ ಕುರಿಗಳು ಈಯುತ್ತಿದ್ದುದೂ ಆಗಲೇ. ಹುಟ್ಟಿದ ಮರಿ ಮೊದಲ ದಿನವೇ ನೆನೆದರೆ ಉಳಿಯುವುದು ಕಷ್ಟ. ಆದ್ದರಿಂದ ಒಂದು ವರ್ಷ ಅವನು ಬೀಡಿನ ಮೇಲಿನ ಇಳಿಜಾರಿನಲ್ಲಿ ತರಗೆಲೆ ಗುಡಿಸಿ ತಂದು ದಪ್ಪಗೆ ಹಾಸಿದ.

"ಕುರಿಗಳಿಗೆ ಸುಪ್ಪತ್ತಿಗೆ, ನನಗೆ ಹರಕು ಕಂಬಳಿ. ನಾನೂ ಒಂದು ಮರಿ ಈಯಬೇಕಿತ್ತೇನೋ!" ಎಂದಳು ಹೆಂಡತಿ.

"ನಿನ್ನ ಪಾಲಿಗೂ ತಂದಿದ್ದೇನೆ, ಬಾರೇ" ಎಂದ ಅವನು.

ಆ ವರ್ಷ ಮರಿಗಳೆಲ್ಲ ಉಳಿದವು. ಮರುವರ್ಷ ಹಾಸಿಗೆ ಯಾಕೋ ತೇವವಾಯಿತು. ಅವನು ಇನ್ನೂ ಮೇಲೆ ಹತ್ತಿ ಇನ್ನಷ್ಟು ಗುಡಿಸಿ ತಂದ. ಮೂರನೆಯ ವರ್ಷ ಹಾಸಿದ ಎಲೆಯೇ ನೀರಿನಲ್ಲಿ ತೇಲಿತು. ಐದು ಮರಿಗಳು ಸತ್ತವು. "ಈ ಸಲದ ಮಳೆಯೇ ಕೆಟ್ಟದ್ದು" ಎಂದು ಗೊಣಗುತ್ತ ಅವನು ಆರನೆಯದರ ಮೈ ಒರೆಸುತ್ತಿದ್ದ.

ತಪ್ಪಿಸಿಕೊಂಡ ಕುರಿಯೊಂದನ್ನು ಹುಡುಕಿಕೊಂಡು ಹೆಂಡತಿ ಅದೇ ಮಳೆಯಲ್ಲಿ ಗುಡ್ಡ ಹತ್ತಿದ್ದಳು. ಕುರಿಯನ್ನು ಎಳೆದುಕೊಂಡು ಬಂದವಳೇ ಹೇಳಿದಳು:

"ಅಲ್ಲ ಯಜಮಾನ, ಕೊರಕಲಿನ ಆಚೆ ನೀನು ಗುಡಿಸಿಲ್ಲ. ಅಲ್ಲಿ ಎಲೆಯ ಮೇಲೆ ಕಾಲಿಟ್ಟರೆ ಮೆತ್ತಗೆ ಹೂತುಹೋಗುತ್ತದೆ, ಒಂದು ಹನಿ ನೀರೂ ಹರಿಯುತ್ತಿಲ್ಲ. ಮಳೆ ಎರಡೂ ಕಡೆ ಒಂದೇ. ನೀನು ಗುಡಿಸಿದ ಕಡೆಯಿಂದ ಮಾತ್ರ ಕೆಂಪು ನೀರು ನಮ್ಮ ಮೇಲೇ ಇಳಿಯುತ್ತಿದೆ."

ಅವನು ಮರಿಯನ್ನು ಅವಳ ಮಡಿಲಿಗೆ ಹಾಕಿ, ತಾನೇ ಹತ್ತಿ ನೋಡಿ ಬಂದ. ಅವಳು ಕಂಬಳಿಯ ಅರ್ಧವನ್ನು ಅವನ ಹೆಗಲಿಗೆ ಹೊದಿಸಿದಳು.

ಗುರುಗಳು ಇಷ್ಟಕ್ಕೇ ನಿಲ್ಲಿಸಿದರು. ಮಾದಯ್ಯನಿಗೆ ತಡೆಯಲಾಗಲಿಲ್ಲ.

"ಮರುವರ್ಷ ಬೇರೆ ಗುಡ್ಡಕ್ಕೆ ಹೋದನೇ, ಗುರುಗಳೇ?"

"ಇಲ್ಲಪ್ಪ, ಆ ಗುಡ್ಡ ಮತ್ತೆ ಎಲೆ ಹೊದ್ದುಕೊಳ್ಳುವವರೆಗೆ, ಒಂಬತ್ತು ಮಳೆಗಾಲ, ಅಲ್ಲೇ ಎಲೆ ಗುಡಿಸದೆ ಹುಟ್ಟಿದ ಮರಿಗಳನ್ನು ತನ್ನ ಎದೆಯ ಮೇಲೆ ಮಲಗಿಸಿಕೊಂಡ."