ಅಂಬಿಗನ ಮುಖದ ಹಿಂದಿನ ಸ್ವರ

"ಗುರುಗಳೇ, ಸುಳ್ಳು ಭಯ ನಿಜ ತಿಳಿದ ಮೇಲೆ ಹೋಗಿಬಿಡುತ್ತದೆಯಲ್ಲವೇ?" ಎಂದು ಶಿಷ್ಯ ಕೇಳಿದ.

"ಅಷ್ಟು ಸಲೀಸಾಗಿ ಹೋದರೆ ನನಗೂ ನಿನಗೂ ಇಲ್ಲೇನು ಕೆಲಸ" ಎಂದು ನಕ್ಕ ಗುರುಗಳು ಈ ಕತೆ ಹೇಳಿದರು.

ಒಬ್ಬ ಸಂಗೀತಗಾರನಿದ್ದ. ಚಲನಚಿತ್ರಗಳಿಗೆ ಹಿನ್ನೆಲೆ ಸಂಗೀತ ಕೂಡಿಸುವುದು ಅವನ ಕಸುಬು. ದೆವ್ವದ ಚಿತ್ರ, ಕೊಲೆಯ ಚಿತ್ರ ಎಂದರೆ ಎಲ್ಲರೂ ಅವನ ಮನೆ ಬಾಗಿಲಿಗೇ ಬರುತ್ತಿದ್ದರು. ಮಂದ್ರದಲ್ಲಿ ಒಂದೇ ಸ್ವರ ಹಿಡಿದು ಎಳೆದನೆಂದರೆ ಖಾಲಿ ಕುರ್ಚಿಯನ್ನು ಕಂಡೂ ಜನ ಬೆವರುತ್ತಿದ್ದರು. ಅವನದೊಂದು ಪದ್ಧತಿಯಿತ್ತು. ಚಿತ್ರವನ್ನು ದನಿ ನಿಲ್ಲಿಸಿಯೇ ನೋಡುತ್ತಿದ್ದ. ಮಾತು ಕಿವಿಗೆ ಬಿದ್ದರೆ ಸ್ವರ ಕೆಡುತ್ತದೆ ಎನ್ನುತ್ತಿದ್ದ. ಕಥಾಚಿತ್ರಗಳಲ್ಲಿ ಅದು ನಡೆಯಿತು. ಕೊಲೆಗಾರನ ಪಾತ್ರ ಮಾಡಿದ ನಟ ಸಂಜೆ ಬಣ್ಣ ತೊಳೆದು ಮನೆಗೆ ಹೋಗುತ್ತಿದ್ದ, ಅವನ ಮಕ್ಕಳು ಓಡಿಬಂದು ಅಪ್ಪಿಕೊಳ್ಳುತ್ತಿದ್ದರು.

ಒಮ್ಮೆ ಅವನಿಗೆ ಸಾಕ್ಷ್ಯಚಿತ್ರವೊಂದು ಬಂತು. ಊರಿನ ಮಕ್ಕಳನ್ನು ಹರಿಗೋಲಿನಲ್ಲಿ ಹೊಳೆ ದಾಟಿಸಿ ಶಾಲೆಗೆ ಮುಟ್ಟಿಸುವ ಒಬ್ಬ ಅಂಬಿಗನ ಚಿತ್ರ ಅದು. ಹೊಳೆಯ ಅಪಾಯ ನೋಡುವವರಿಗೆ ತಟ್ಟಬೇಕು ಎಂದು ನಿರ್ದೇಶಕ ಕೇಳಿದ್ದ. ಸಂಗೀತಗಾರ ಎಂದಿನಂತೆ ದನಿ ನಿಲ್ಲಿಸಿ ಕುಳಿತ. ಅಂಬಿಗ ಮಕ್ಕಳ ರಟ್ಟೆ ಹಿಡಿದು ಎತ್ತುತ್ತಿದ್ದ, ಏನೋ ಗದರುತ್ತಿದ್ದ. ಹೊಳೆಗೆಂದು ಇಟ್ಟುಕೊಂಡಿದ್ದ ಭಯದ ಸ್ವರವನ್ನು ಸಂಗೀತಗಾರ ಅಂಬಿಗನ ಮುಖ ತೆರೆಗೆ ಬಂದಲ್ಲಿ ಶುರುಮಾಡಿದ. ಅಲ್ಲಿ ಚೆನ್ನಾಗಿ ಕೂರುತ್ತಿತ್ತು, ಅಷ್ಟೇ.

ಚಿತ್ರವನ್ನು ಮೊದಲು ಆ ಊರಿನಲ್ಲೇ ತೋರಿಸಿದರು. ಮರುದಿನ ಹರಿಗೋಲಿಗೆ ಒಂದು ಮಗುವೂ ಬರಲಿಲ್ಲ. "ದಿನಾ ಕಂಡ ಮುಖಾನೇ. ಈಗ ನೋಡಿದರೆ ಯಾಕೋ ಎದೆ ನಡುಗುತ್ತೆ" ಎಂದಳು ಒಬ್ಬ ತಾಯಿ. ಮಕ್ಕಳು ಮೇಲುಗಡೆಯ ಬಂಡೆಗಳ ಮೇಲೆ ಕೈಕೈ ಹಿಡಿದು ಹೊಳೆ ದಾಟತೊಡಗಿದರು. ಒಬ್ಬ ಹುಡುಗಿಯ ಕಾಲು ಜಾರಿತು. ಅಂದು ಹೊಳೆಯ ಪಾಲಾದದ್ದು ಅವಳ ಪುಸ್ತಕದ ಚೀಲ ಮಾತ್ರ.

ಸುದ್ದಿ ಕೇಳಿ ಸಂಗೀತಗಾರ ಮೊದಲ ಸಲ ದನಿ ಹಾಕಿ ಚಿತ್ರ ನೋಡಿದ. "ಅಂಚಿಗೆ ಹೋಗಬೇಡ್ರೋ, ನಡುವೆ ಕೂತ್ಕೊಳ್ರೋ" ಎಂದು ಅಂಬಿಗ ಗದರುತ್ತಿದ್ದ. ಬೇರೇನೂ ಇರಲಿಲ್ಲ. ಹೊಳೆ ತುಂಬುವ ಮೊದಲು ಆ ತಾಯಂದಿರಿಗೆ ನಿಜ ಹೇಳಲೇಬೇಕೆಂದು ಅವನು ಬಿದ್ದಂಬೀಳ ಹೊರಟ. ಬಸ್ಸಿಳಿದರೆ ಊರು ಹೊಳೆಯ ಆಚೆ ದಡದಲ್ಲಿತ್ತು. ಈಚೆ ದಡದಲ್ಲಿ ಖಾಲಿ ಹರಿಗೋಲಿನ ಪಕ್ಕ ಅಂಬಿಗನೊಬ್ಬನೇ ಕುಳಿತಿದ್ದ.

"ಹತ್ತಿ ಸ್ವಾಮಿ, ದಾಟಿಸ್ತೀನಿ" ಎಂದು ಅವನು ಕೈ ಚಾಚಿದ.

ಸಂಗೀತಗಾರ ಆ ಮುಖವನ್ನು ನೋಡಿದ. ನೋಡುತ್ತಲೇ ಅವನ ಕಿವಿಯೊಳಗೆ ಆ ಸ್ವರ ಎದ್ದಿತು. ಅವನಿಗೆ ವಿಪರೀತ ಭಯವಾಯಿತು.

ಗುರುಗಳು ಅಲ್ಲಿಗೆ ನಿಲ್ಲಿಸಿದರು.

"ಹರಿಗೋಲು ಹತ್ತಿರಬೇಕು. ನಿಜ ಏನೆಂದು ಅವನಿಗೆ ಗೊತ್ತಿತ್ತಲ್ಲ?" ಎಂದ ಶಿಷ್ಯ.

"ಅವನಷ್ಟು ಚೆನ್ನಾಗಿ ಯಾರಿಗೂ ಗೊತ್ತಿರಲಿಲ್ಲ, ಆದರೂ ಅವನು ಬಂಡೆಗಳ ಕಡೆಗೇ ನಡೆದ" ಎಂದರು ಗುರುಗಳು.